ಬೈಲಕುಪ್ಪೆಯಲ್ಲಿ ಹುಟ್ಟಿದವರು ಎಲ್ಲಿಯವರು? ಮುಖ್ಯಮಂತ್ರಿಗಳಿಗೆ ಒಂದು ಬಹಿರಂಗ ಪತ್ರ

ಮಾನ್ಯ ಮುಖ್ಯಮಂತ್ರಿಗಳೇ,

ನಮಸ್ಕಾರ. ನಾನು ಪಿರಿಯಾಪಟ್ಟಣ ತಾಲೂಕಿನವಳು. ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಪಾಠ ಮಾಡಿ ನಿವೃತ್ತಳಾಗಿದ್ದೇನೆ. ನಮ್ಮೂರಿನಿಂದ ಬೈಲಕುಪ್ಪೆಯ ಟಿಬೆಟನ್ ಕ್ಯಾಂಪಿಗೆ ಹೊಲದ ದಾರಿಯಲ್ಲಿ ನಡೆದೇ ಹೋಗಬಹುದು. ಈ ಪತ್ರ ಆ ಕ್ಯಾಂಪುಗಳಲ್ಲಿ ಹುಟ್ಟಿ ಬೆಳೆದವರ ಬಗ್ಗೆ. ಅವರ ಪರವಾಗಿ ಮಾತಾಡು ಎಂದು ನನಗೆ ಯಾರೂ ಹೇಳಿಲ್ಲ. ಅವರಿಗೆ ಅವರದೇ ನಾಯಕರಿದ್ದಾರೆ, ಧರ್ಮಶಾಲಾದಲ್ಲಿ ಅವರದೇ ಸಂಸತ್ತಿದೆ. ಆದರೆ ಅವರಲ್ಲಿ ಹೆಚ್ಚಿನವರಿಗೆ ನಿಮ್ಮನ್ನು ಆರಿಸುವ ವೋಟಿಲ್ಲ. ನನಗಿದೆ. ಅದಕ್ಕೇ ಬರೆಯುತ್ತಿದ್ದೇನೆ.

ನಾನು ಹೇಳಬೇಕು ಅಂದುಕೊಂಡಿರುವುದು ಒಂದೇ ಮಾತು. ಇಲ್ಲಿ ಹುಟ್ಟಿದವರು ಟಿಬೆಟನ್ನರಾಗಿ ಉಳಿದುಕೊಂಡೇ ಇಲ್ಲಿಯವರೂ ಆಗಬಹುದು. ಅರವತ್ತಕ್ಕೂ ಜಾಸ್ತಿ ವರ್ಷದಿಂದ ಅವರು ಹಾಗೇ ಬದುಕಿದ್ದಾರೆ. ಎರಡರಲ್ಲಿ ಒಂದನ್ನು ಬಿಟ್ಟು ಬನ್ನಿ ಎಂದು ಅವರನ್ನು ಕೇಳುತ್ತಿರುವುದು ನಮ್ಮ ಕಚೇರಿಗಳು. ಹಾಗೆ ಕೇಳುವುದನ್ನು ನಿಲ್ಲಿಸಬೇಕು. ನಿಲ್ಲಿಸುವುದಕ್ಕೆ ನಿಮ್ಮ ಕೈಯಲ್ಲಿ ಆಗುವ ಕೆಲಸ ಸಾಕಷ್ಟಿದೆ.

ಹಳೆಯದನ್ನು ಸ್ವಲ್ಪ ನೆನಪಿಸುತ್ತೇನೆ. 1959ರ ಮಾರ್ಚ್‌ನಲ್ಲಿ ಲಾಸಾದಲ್ಲಿ ಜನ ಚೀನಾದ ವಿರುದ್ಧ ಎದ್ದು ನಿಂತರು. ದಲೈ ಲಾಮಾ ರಾತ್ರಿ ಹೊತ್ತು ಅರಮನೆ ಬಿಟ್ಟು ಹೊರಟು ತಿಂಗಳ ಕೊನೆಗೆ ಭಾರತದ ಗಡಿ ದಾಟಿದರು. ಅವರ ಹಿಂದೆ ಸಾವಿರಾರು ಜನ ಬಂದರು. ಇವರಿಗೆಲ್ಲ ಜಾಗ ಕೊಡಿ ಎಂದು ಪ್ರಧಾನಿ ನೆಹರೂ ರಾಜ್ಯಗಳನ್ನು ಕೇಳಿದಾಗ ಮೈಸೂರು ರಾಜ್ಯ ದೊಡ್ಡ ಮನಸ್ಸು ಮಾಡಿತು. ಬೈಲಕುಪ್ಪೆಯಲ್ಲಿ ಸುಮಾರು 3000 ಎಕರೆ ಕಾಡುಜಾಗ ಸಿಕ್ಕಿತು. 1960ರ ಕೊನೆಗೆ ಮೊದಲ ತಂಡ ಬಂದಿಳಿಯಿತು. ಆಮೇಲೆ 1966ರಲ್ಲಿ ಮುಂಡಗೋಡ, 1969ರಲ್ಲಿ ಬೈಲಕುಪ್ಪೆಯಲ್ಲೇ ಇನ್ನೊಂದು ವಸಾಹತು. 70ರ ದಶಕದ ಮೊದಲಲ್ಲಿ ಹುಣಸೂರು ತಾಲೂಕಿನ ಗುರುಪುರ, ಕೊಳ್ಳೇಗಾಲದ ಕಡೆಯ ಒಡೆಯರಪಾಳ್ಯ. ಹೀಗೆ ಐದು ಕಡೆ. ದೇಶದಲ್ಲಿ ಟಿಬೆಟನ್ನರು ಎಲ್ಲಕ್ಕಿಂತ ಹೆಚ್ಚು ನೆಲೆ ನಿಂತ ರಾಜ್ಯ ನಮ್ಮದೇ. ನಿಜಲಿಂಗಪ್ಪನವರ ಹೆಸರನ್ನು ದಲೈ ಲಾಮಾ ಅವರೇ ಎಷ್ಟೋ ಸಲ ಕೃತಜ್ಞತೆಯಿಂದ ನೆನೆದಿದ್ದಾರೆ. ಇದು ಕನ್ನಡಿಗರು ಎದೆ ತಟ್ಟಿ ಹೇಳಿಕೊಳ್ಳಬಹುದಾದ ಕೆಲಸ. ನಮ್ಮ ಪಠ್ಯಪುಸ್ತಕದಲ್ಲಿ ಇದಕ್ಕೆ ಇನ್ನೂ ಸರಿಯಾದ ಜಾಗ ಸಿಕ್ಕಿಲ್ಲ ಅನ್ನೋ ಬೇಜಾರು ಪಾಠ ಮಾಡುವಾಗಲೂ ಇತ್ತು, ಈಗಲೂ ಇದೆ.

ಆಗಿನ ದಿನಗಳನ್ನು ನಮ್ಮಪ್ಪ ಹೇಳುತ್ತಿದ್ದರು. ಬಟ್ಟೆ ಡೇರೆ, ಬಿದಿರಿನ ಗುಡಿಸಲು. ಮರ ಕಡಿದು ಸುಡುವ ಹೊಗೆ ತಿಂಗಳುಗಟ್ಟಲೆ ಆಡುತ್ತಿತ್ತಂತೆ. ಹಿಮದ ನಾಡಿನಿಂದ ಬಂದವರಿಗೆ ನಮ್ಮ ಬೇಸಿಗೆ ತಡೆಯಲು ಆಗುತ್ತಿರಲಿಲ್ಲ. ರಾತ್ರಿ ಆನೆ ಬಂದರೆ ತಗಡು ಬಡಿಯುತ್ತಿದ್ದರು. ತುಂಬಾ ಜನ ಕಾಯಿಲೆಯಲ್ಲಿ ಹೋಗಿಬಿಟ್ಟರು. ಬಾರ್ಲಿ ಬೆಳೆದು ಗೊತ್ತಿದ್ದವರು ಮುಸುಕಿನ ಜೋಳ ಹಾಕುವುದು ಕಲಿತರು. ನಮ್ಮ ಕಡೆಯ ಕೂಲಿಯವರು ಅವರ ಹೊಲಕ್ಕೆ ಹೋದರು. ಮಾತು ಬರದಿದ್ದರೂ ಕೈಸನ್ನೆಯಲ್ಲೇ ಕೆಲಸ ನಡೆಯಿತು. ಆಮೇಲೆ ಮಾತೂ ಬಂತು.

ಈಗ ಕುಶಾಲನಗರದ ಮಾರ್ಕೆಟ್ಟಿಗೆ ಬಂದು ನೋಡಿ. ಹೋದ ವರ್ಷ ನಾನು ತರಕಾರಿ ಆರಿಸುತ್ತಿದ್ದಾಗ ಪಕ್ಕದಲ್ಲಿ ಒಬ್ಬ ಅಮಲಾ ನಿಂತಿದ್ದರು. ಅವರ ಕಡೆ ವಯಸ್ಸಾದ ಹೆಂಗಸರನ್ನು ಹಾಗೇ ಕರೆಯುವುದು. ನಾವೂ ಹಾಗೇ ಕರೆಯುತ್ತೇವೆ. ಉದ್ದನೆಯ ಚುಪಾ ನಿಲುವಂಗಿ, ಸೊಂಟದ ಮುಂದೆ ಕಟ್ಟುವ ಪಟ್ಟೆ ಪಟ್ಟೆ ಪಂಗ್ದೆನ್ ಬಟ್ಟೆ, ಕೈಯಲ್ಲಿ ಜಪಮಾಲೆ. ಇನ್ನೊಂದು ಕೈಯಲ್ಲಿ ಹುರುಳಿಕಾಯಿ ಮುರಿದು ನೋಡುತ್ತಾ, "ನಿನ್ನೆ ಒಂದು ರೇಟು, ಇವತ್ತು ಒಂದು ರೇಟಾ? ಬೇಡಪ್ಪಾ, ಸರಿಯಾಗಿ ಹೇಳು" ಅಂತ ಚೌಕಾಸಿ ಮಾಡುತ್ತಿದ್ದರು. ಗೋಲ್ಡನ್ ಟೆಂಪಲ್ ನೋಡಲು ಬೆಂಗಳೂರಿನಿಂದ ಬಂದಿದ್ದ ಒಬ್ಬ ಹುಡುಗಿ ಆಶ್ಚರ್ಯಪಟ್ಟು, "ಅಯ್ಯೋ ನಿಮಗೆ ಕನ್ನಡ ಬರುತ್ತಾ? ಯಾವ ದೇಶದವರು ನೀವು?" ಎಂದು ಕೇಳಿದಳು. ಅಮಲಾ ತಲೆ ಎತ್ತದೆ "ನಾಲ್ಕನೇ ಕ್ಯಾಂಪ್" ಅಂದು ಹುರುಳಿಕಾಯಿ ಚೀಲಕ್ಕೆ ಹಾಕಿಕೊಂಡರು.

ಆ ಹುಡುಗಿ ಕೇಳಿದ್ದರಲ್ಲಿ ತಪ್ಪೇನಿಲ್ಲ, ಕುತೂಹಲದಿಂದ ಕೇಳಿದಳು. ಆದರೆ ಅದೇ ಪ್ರಶ್ನೆಯನ್ನು ಸರ್ಕಾರ ಜೀವಮಾನವಿಡೀ ಕೇಳುತ್ತಿದ್ದರೆ ಹೇಗಿರುತ್ತದೆ, ಯೋಚನೆ ಮಾಡಿ.

ನನಗೆ ಗೊತ್ತಿರುವ ಒಂದು ಮನೆಯ ಕತೆ ಹೇಳುತ್ತೇನೆ. ಗುರುತು ಸಿಗಬಾರದೆಂದು ಸಣ್ಣಪುಟ್ಟ ವಿವರ ಬದಲಿಸಿದ್ದೇನೆ. ಅಜ್ಜಿ ಟಿಬೆಟ್‌ನಲ್ಲಿ ಹುಟ್ಟಿ ಹುಡುಗಿಯಾಗಿದ್ದಾಗ ಗಡಿ ದಾಟಿದವರು. ಮಗ ಬೈಲಕುಪ್ಪೆಯಲ್ಲೇ 1971ರಲ್ಲಿ ಹುಟ್ಟಿದ್ದು. ಸೊಸೆ 80ರ ದಶಕದಲ್ಲಿ ನೇಪಾಳದ ದಾರಿಯಲ್ಲಿ ಬಂದವಳು. ಮೊಮ್ಮಗಳು 1998ರಲ್ಲಿ ಹುಟ್ಟಿದವಳು, ಮೊಮ್ಮಗ 2007ರಲ್ಲಿ. ಐದೂ ಜನ ಒಂದೇ ಅಡುಗೆಮನೆಯಲ್ಲಿ ಕೂತು ಥುಕ್ಪಾ ಉಣ್ಣುತ್ತಾರೆ. ಕಾಯ್ದೆ ಮಾತ್ರ ಒಬ್ಬೊಬ್ಬರನ್ನು ಒಂದೊಂದು ತಟ್ಟೆಗೆ ಹಾಕುತ್ತದೆ.

1955ರ ಪೌರತ್ವ ಕಾಯ್ದೆ ಏನು ಹೇಳುತ್ತದೆ ನೋಡಿ. 1950ರ ಜನವರಿ 26ರಿಂದ 1987ರ ಜುಲೈ 1ರ ಒಳಗೆ ಭಾರತದಲ್ಲಿ ಹುಟ್ಟಿದವರು ಹುಟ್ಟಿನಿಂದಲೇ ಭಾರತೀಯರು. ವಿದೇಶಿ ರಾಯಭಾರಿಗಳ ಮಕ್ಕಳಂಥ ಒಂದೆರಡು ಸಂದರ್ಭ ಬಿಟ್ಟರೆ ಅಪ್ಪ ಅಮ್ಮ ಎಲ್ಲಿಯವರು ಎಂದು ಕೇಳುವ ಹಾಗಿಲ್ಲ. ಅಲ್ಲಿಂದ 2004ರ ಡಿಸೆಂಬರ್ 3ರ ಒಳಗೆ ಹುಟ್ಟಿದವರಿಗೆ ತಂದೆ ತಾಯಿಯಲ್ಲಿ ಒಬ್ಬರಾದರೂ ಭಾರತೀಯರಾಗಿದ್ದರೆ ಸಾಕು. ಆಮೇಲೆ ಹುಟ್ಟಿದವರಿಗೆ ಇಬ್ಬರೂ ಭಾರತೀಯರಾಗಿರಬೇಕು. ಒಬ್ಬರೇ ಆಗಿದ್ದರೆ ಇನ್ನೊಬ್ಬರು ಅಕ್ರಮವಾಗಿ ಬಂದವರಾಗಿರಬಾರದು.

ಈ ಲೆಕ್ಕದಲ್ಲಿ ಆ ಮನೆಯ ಅಜ್ಜಿ ವಿದೇಶಿ. ಮಗ ಹುಟ್ಟಿದ ಗಳಿಗೆಯಿಂದ ಭಾರತೀಯ. ಅಪ್ಪ ಭಾರತೀಯನಾದ್ದರಿಂದ ಮಗಳೂ ಭಾರತೀಯಳು. ಚಿಕ್ಕ ಹುಡುಗನದು ಅವನ ಅಮ್ಮನ ಕಾಗದಪತ್ರದ ಮೇಲೆ ನಿಂತಿದೆ. ಇದು ಪುಸ್ತಕದ ಮಾತಾಯಿತು. ನಡೆಯುತ್ತಿರುವುದೇ ಬೇರೆ. ಹುಟ್ಟಿನಿಂದ ಭಾರತೀಯನಾದ ಆ ಮಗ ಐವತ್ತು ದಾಟಿದರೂ ಆರ್‌ಸಿ, ಅಂದರೆ ವಿದೇಶಿಯರಿಗೆ ಕೊಡುವ ನೋಂದಣಿ ಪುಸ್ತಕ ಹಿಡಿದು ವಿದೇಶಿಯರ ನೋಂದಣಿ ಕೌಂಟರಿನ ಮುಂದೆ ನಿಲ್ಲುತ್ತಾನೆ. ಅದರಲ್ಲಿ ಅವನ ಫೋಟೋ ಇದೆ, ಹುಟ್ಟಿದ ಊರು ಬೈಲಕುಪ್ಪೆ ಅಂತ ಇದೆ, ರಾಷ್ಟ್ರೀಯತೆ ಟಿಬೆಟನ್ ಅಂತ ಇದೆ. ನವೀಕರಣದ ಸೀಲುಗಳು ಪುಟ ತುಂಬ ಇವೆ. ಒಂದು ಕಚೇರಿಯಲ್ಲಿ ಅವನ ಜತೆ ನಾನೂ ಇದ್ದೆ. ಗುಮಾಸ್ತರು ಕೆಟ್ಟವರೇನಲ್ಲ, ಕೂರಿಸಿ ಮಾತಾಡಿಸಿದರು. "ನೀವು ಇಲ್ಲೇ ಹುಟ್ಟಿದ್ದಾ? ಮತ್ತೆ ವಾಪಸ್ ಯಾವಾಗ ಹೋಗ್ತೀರಾ?" ಅಂದರು. ಅವನು ನಕ್ಕು ಸುಮ್ಮನಾದ. ಹೊರಗೆ ಬಂದಮೇಲೆ, "ಮೇಡಂ, ನಾನು ನೋಡೇ ಇಲ್ಲದ ಊರಿಗೆ ವಾಪಸ್ ಹೋಗೋದು ಹೇಗೆ?" ಎಂದು ಕೇಳಿದ. ಅವನಿಗೆ ಕೋಪ ಇರಲಿಲ್ಲ. ನನಗೆ ಬಂದಿತ್ತು.

ಕೋರ್ಟುಗಳು ಇದನ್ನು ಯಾವಾಗಲೋ ಬಿಡಿಸಿ ಹೇಳಿವೆ. ಪಾಸ್‌ಪೋರ್ಟ್ ನಿರಾಕರಿಸಿದ್ದಕ್ಕೆ ನಮ್‌ಗ್ಯಾಲ್ ದೋಲ್ಕರ್ ಎಂಬ ಟಿಬೆಟನ್ ಯುವತಿ ದೆಹಲಿ ಹೈಕೋರ್ಟಿಗೆ ಹೋದರು. 1986ರಲ್ಲಿ ಹಿಮಾಚಲದ ಕಾಂಗ್ಡಾದಲ್ಲಿ ಹುಟ್ಟಿದವರು ಅವರು. 2010ರ ಡಿಸೆಂಬರ್‌ನಲ್ಲಿ ತೀರ್ಪು ಬಂತು. ಇವರು ಹುಟ್ಟಿನಿಂದ ಭಾರತೀಯರು, ಅರ್ಜಿಯಲ್ಲಿ ತಾನು ಟಿಬೆಟನ್ ಎಂದು ಬರೆದ ಮಾತ್ರಕ್ಕೆ ಅದು ಹೋಗುವುದಿಲ್ಲ ಎಂದು ಕೋರ್ಟ್ ಹೇಳಿತು. ನಮ್ಮ ಕರ್ನಾಟಕ ಹೈಕೋರ್ಟ್ ಕೂಡ 2013ರಲ್ಲಿ ಟಿಬೆಟನ್ ಲಾಮಾ ಲಿಂಗ್ ರಿಂಪೋಚೆ ಅವರ ಪ್ರಕರಣದಲ್ಲಿ ಇದನ್ನೇ ಎತ್ತಿಹಿಡಿಯಿತು. 2014ರಲ್ಲಿ ಚುನಾವಣಾ ಆಯೋಗ 1950ರಿಂದ 1987ರ ಆ ಅವಧಿಯಲ್ಲಿ ಇಲ್ಲಿ ಹುಟ್ಟಿದ ಟಿಬೆಟನ್ನರನ್ನು ಮತದಾರರ ಪಟ್ಟಿಗೆ ಸೇರಿಸಿ ಎಂದು ರಾಜ್ಯಗಳಿಗೆ ಸೂಚಿಸಿತು. 2016ರಲ್ಲಿ ದೆಹಲಿ ಹೈಕೋರ್ಟ್ ಇನ್ನೊಮ್ಮೆ ಹೇಳಿದ ಮೇಲೆ, 2017ರಲ್ಲಿ ಪಾಸ್‌ಪೋರ್ಟ್ ಕೊಡಲು ಕೇಂದ್ರ ಒಪ್ಪಿತು.

ಒಪ್ಪಿದ್ದರ ಜೊತೆಗೆ ಷರತ್ತುಗಳೂ ಬಂದವು. ಪಾಸ್‌ಪೋರ್ಟ್ ಬೇಕಾದವರು ಆರ್‌ಸಿ ಒಪ್ಪಿಸಬೇಕು. ಅದು ಸರಿ, ಭಾರತೀಯನಿಗೆ ವಿದೇಶಿಯ ಪುಸ್ತಕ ಯಾಕೆ ಬೇಕು? ಆದರೆ ಅವರು ಟಿಬೆಟನ್ ವಸಾಹತಿನಲ್ಲಿ ವಾಸ ಮಾಡಬಾರದು, ಧರ್ಮಶಾಲಾದಲ್ಲಿರುವ ಟಿಬೆಟನ್ ಆಡಳಿತದಿಂದ ಯಾವ ಸವಲತ್ತನ್ನೂ ಪಡೆಯಬಾರದು ಎಂದೂ ಹೇಳಿದರು. ಅಂದರೆ ಆ ಮಗ ತನ್ನ ಹಕ್ಕಿನ ಪೌರತ್ವ ಪಡೆಯಬೇಕಾದರೆ ವಯಸ್ಸಾದ ಅಮ್ಮನನ್ನು ಕ್ಯಾಂಪಿನಲ್ಲಿ ಬಿಟ್ಟು ಹೋಗಬೇಕು. ಹುಟ್ಟಿದ ಮನೆ, ಉತ್ತ ಹೊಲ, ದಿನಾ ಪ್ರದಕ್ಷಿಣೆ ಹಾಕುವ ಸ್ತೂಪ, ಎಲ್ಲ ಬಿಡಬೇಕು. ಬೇರೆ ಯಾವ ಭಾರತೀಯನಿಗಾದರೂ ಪಾಸ್‌ಪೋರ್ಟ್ ಕೊಡುವಾಗ "ನಿನ್ನೂರು ಬಿಟ್ಟುಬಿಡು" ಅಂತ ಹೇಳುತ್ತೇವಾ? ಬೈಲಕುಪ್ಪೆಯಲ್ಲಿ ಹುಟ್ಟಿದೆ ಅನ್ನೋದೇ ಇವರ ಪೌರತ್ವದ ಆಧಾರ. ಆ ಪೌರತ್ವ ಬೇಕಾದರೆ ಬೈಲಕುಪ್ಪೆ ಬಿಡು ಅನ್ನುವುದು ಯಾವ ನ್ಯಾಯ?

ಇಲ್ಲಿ ಇನ್ನೊಂದು ಮಾತನ್ನೂ ಹೇಳಲೇಬೇಕು. ಕ್ಯಾಂಪಿನಲ್ಲಿ ಎಲ್ಲರಿಗೂ ಭಾರತದ ಪೌರತ್ವ ಬೇಕು ಅಂತೇನೂ ಇಲ್ಲ. ಈ ವಿಷಯದಲ್ಲಿ ಮನೆಮನೆಯಲ್ಲೂ ವಾದ ಇದೆ. ಹಿರಿಯರು, "ಎಲ್ಲರೂ ಭಾರತೀಯರಾಗಿಬಿಟ್ಟರೆ ನಾಳೆ ಟಿಬೆಟ್ ನಮ್ಮದು ಅಂತ ಕೇಳೋರು ಯಾರು?" ಅನ್ನುತ್ತಾರೆ. ನಿರಾಶ್ರಿತನಾಗಿ ಉಳಿಯುವುದೇ ಅವರ ಪಾಲಿಗೆ ಒಂದು ಹೋರಾಟ. ಪ್ರತಿ ವರ್ಷ ಮಾರ್ಚ್ 10ರಂದು ಲಾಸಾದ ಆ ದಂಗೆಯ ನೆನಪಿಗೆ ಟಿಬೆಟ್‌ನ ಹಿಮಸಿಂಹದ ಬಾವುಟ ಹಿಡಿದು ಸಾಲಾಗಿ ಹೋಗುವಾಗ ಅವರ ಮುಖ ನೋಡಿದವರಿಗೆ ಇದು ಸುಮ್ನೆ ಹೇಳುವ ಮಾತಲ್ಲ ಎಂದು ಗೊತ್ತಾಗುತ್ತದೆ. ಕಿರಿಯರು, "ಪಾಸ್‌ಪೋರ್ಟ್ ಇದ್ದರೆ ಟಿಬೆಟ್ ಬಗ್ಗೆ ಜಗತ್ತಿನಲ್ಲಿ ಇನ್ನೂ ಚೆನ್ನಾಗಿ ಮಾತಾಡಬಹುದು" ಅನ್ನುತ್ತಾರೆ. ಇಬ್ಬರ ಮಾತಿಗೂ ತೂಕ ಇದೆ. ಇದನ್ನು ತೀರ್ಮಾನ ಮಾಡಬೇಕಾದವರು ಅವರು. ಆದರೆ ಸರ್ಕಾರ ಹಾಕಿದ ಷರತ್ತು ಈ ವಾದವನ್ನೇ ಕೆಡಿಸಿದೆ. ಪೌರತ್ವ ಬೇಡ ಅನ್ನುವವನು ಟಿಬೆಟ್ ಮೇಲಿನ ಪ್ರೀತಿಗೆ ಬೇಡ ಅನ್ನುತ್ತಿದ್ದಾನೋ, ಮನೆ ಕಳೆದುಕೊಳ್ಳುವ ಭಯಕ್ಕೋ, ಈಗ ಅವನಿಗೇ ಗೊತ್ತಾಗುವುದಿಲ್ಲ.

ಎರಡೂ ಒಟ್ಟಿಗೆ ಇರಲು ಆಗುವುದಿಲ್ಲ ಅನ್ನುವವರಿಗೆ ನಾನು 2020ನ್ನು ನೆನಪಿಸುತ್ತೇನೆ. ಆ ವರ್ಷ ಆಗಸ್ಟ್ ಕೊನೆಗೆ ಲಡಾಖ್‌ನ ಪ್ಯಾಂಗಾಂಗ್ ಸರೋವರದ ಹತ್ತಿರ ನೆಲಬಾಂಬ್ ಸಿಡಿದು ನ್ಯಿಮಾ ತೆಂಜಿನ್ ಎಂಬ ಯೋಧ ತೀರಿಕೊಂಡರು. ಅವರಿದ್ದದ್ದು ಸ್ಪೆಷಲ್ ಫ್ರಾಂಟಿಯರ್ ಫೋರ್ಸ್‌ನಲ್ಲಿ. 1962ರ ಚೀನಾ ಯುದ್ಧದ ಹೊತ್ತಿಗೆ ಟಿಬೆಟನ್ನರನ್ನು ಸೇರಿಸಿ ಕಟ್ಟಿದ ಪಡೆ ಅದು. 1971ರ ಯುದ್ಧದಲ್ಲಿ ಚಿತ್ತಗಾಂಗ್ ಬೆಟ್ಟಗಳಲ್ಲಿ ಹೋರಾಡಿ ಜೀವ ಕೊಟ್ಟ ಪಡೆ. ಎಷ್ಟೋ ವರ್ಷ ಅವರ ಹೆಸರು ಹೊರಗೆ ಬರಲೇ ಇಲ್ಲ. ಲೇಹ್‌ನಲ್ಲಿ ನ್ಯಿಮಾ ತೆಂಜಿನ್ ಅವರ ಶವಪೆಟ್ಟಿಗೆ ಮೇಲೆ ಎರಡು ಬಾವುಟ ಹೊದಿಸಿದ್ದರು. ಒಂದು ತ್ರಿವರ್ಣ, ಇನ್ನೊಂದು ಹಿಮಸಿಂಹ. ಸತ್ತ ಸೈನಿಕನಿಗೆ ಎರಡು ಬಾವುಟ ಹೊದಿಸಲು ನಮಗೆ ಆಗುತ್ತದೆ. ಬದುಕಿರುವ ಅವನ ಮಕ್ಕಳಿಗೆ ಯಾಕೆ ಆಗಬಾರದು?

ಇನ್ನೊಂದು ವಿಷಯ. ದೇಶಭ್ರಷ್ಟ ಟಿಬೆಟನ್ನರ ರಾಜಕೀಯ ನಾಯಕರನ್ನು ಸಿಕ್ಯೋಂಗ್ ಅನ್ನುತ್ತಾರೆ. ಜಗತ್ತಿನಲ್ಲಿ ಎಲ್ಲೆಲ್ಲೋ ಹರಡಿರುವ ಟಿಬೆಟನ್ನರು ವೋಟು ಹಾಕಿ ಆರಿಸುತ್ತಾರೆ. 2021ರಲ್ಲಿ ಆ ಹುದ್ದೆಗೆ ಬಂದ ಪೆನ್ಪಾ ತ್ಸೆರಿಂಗ್ ಅವರು ಹುಟ್ಟಿದ್ದು 1967ರಲ್ಲಿ, ಬೈಲಕುಪ್ಪೆಯಲ್ಲಿ. ನಮ್ಮ ತಾಲೂಕಿನ ಮಗ ಒಂದು ಜನಾಂಗದ ನಾಯಕ. ಬೇರೆ ರಾಜ್ಯ ಆಗಿದ್ದರೆ ಊರ ಬಾಗಿಲಿಗೆ ಫ್ಲೆಕ್ಸ್ ಹಾಕುತ್ತಿದ್ದರು. ನಮ್ಮ ಪೇಟೆಯಲ್ಲಿ ಕೇಳಿದರೆ ಇದು ಗೊತ್ತಿರುವವರು ಬಹಳ ಕಡಿಮೆ.

ನಮ್ಮವರ ಅಸಮಾಧಾನವನ್ನೂ ನಾನು ಮುಚ್ಚಿಡುವುದಿಲ್ಲ. "ಅವರಿಗೆ ಜಮೀನು ಕೊಟ್ಟೆವು, ನಮ್ಮ ಹುಡುಗರಿಗೆ ಏನಿದೆ?" ಎಂದು ಹೊಗೆಸೊಪ್ಪು ಬೆಳೆದು ಸಾಲದಲ್ಲಿ ಮುಳುಗಿರುವ ರೈತ ಕೇಳುತ್ತಾನೆ. ಅವನ ಕಷ್ಟ ನಿಜ. ಆದರೆ ಆ ಕಷ್ಟ ತಂದದ್ದು ಕ್ಯಾಂಪಲ್ಲ. ಮಾರುಕಟ್ಟೆ ದರ, ಬೋರ್‌ವೆಲ್, ಸಾಲದ ಬಡ್ಡಿ, ಇವು ತಂದದ್ದು. ಕುಶಾಲನಗರ, ಬೈಲಕುಪ್ಪೆ ಸುತ್ತಮುತ್ತ ಆಟೋ, ಹೋಟೆಲ್, ಲಾಡ್ಜ್ ಎಷ್ಟು ಮನೆಗೆ ಅನ್ನ ಕೊಡುತ್ತಿವೆ ಎಂದು ಅವನಿಗೂ ಗೊತ್ತು. "ಅವರು ನಮ್ಮ ಜೊತೆ ಬೆರೆಯುವುದಿಲ್ಲ, ಕನ್ನಡ ಓದಲು ಬರೆಯಲು ಬರಲ್ಲ" ಎಂಬ ದೂರೂ ಇದೆ. ಇದರಲ್ಲಿ ಅರ್ಧ ನಿಜ ಇದೆ. ಅವರ ಮಕ್ಕಳು ಕನ್ನಡ ಕಲಿಯುವುದು ಹೆಚ್ಚಾಗಿ ಅಂಗಡಿಯಲ್ಲಿ, ಆಟದ ಮೈದಾನದಲ್ಲಿ. ಕಲಿಸುವ ಮೇಷ್ಟ್ರನ್ನು ಕಳಿಸಬೇಕಾದವರು ಯಾರು? ನಾವೇ ಅಲ್ವಾ? ಮನೆಯಲ್ಲಿ ಕೊಡವ, ತುಳು, ಉರ್ದು, ತೆಲುಗು, ತಮಿಳು ಮಾತಾಡಿಕೊಂಡೇ ಪಕ್ಕಾ ಕನ್ನಡಿಗರಾದವರು ಈ ಭಾಗದಲ್ಲಿ ಎಷ್ಟು ಜನ ಇದ್ದಾರೆ! ಅಮೆರಿಕಕ್ಕೆ ಹೋಗಿ ಅಲ್ಲಿನ ಪೌರತ್ವ ತಗೊಂಡ ನಮ್ಮ ಮಕ್ಕಳು ನವೆಂಬರ್‌ನಲ್ಲಿ ಹಳದಿ ಕೆಂಪು ಶಾಲು ಹೊದ್ದು ರಾಜ್ಯೋತ್ಸವ ಮಾಡಿದರೆ ನಾವು ಹೆಮ್ಮೆಯಿಂದ ಫೋಟೋ ಹಂಚಿಕೊಳ್ಳುತ್ತೇವೆ. ನೀನು ಅಮೆರಿಕದವನೋ ಕನ್ನಡಿಗನೋ ಒಂದು ಹೇಳು ಎಂದು ಯಾರೂ ಕೇಳುವುದಿಲ್ಲ. ಕೇಳಲೂ ಬಾರದು.

ನೀನು ಎಲ್ಲಿಯವನು ಎಂಬ ಪ್ರಶ್ನೆ ಕೆಲವೊಮ್ಮೆ ಜೀವಕ್ಕೇ ಸಂಚಕಾರ ತರುತ್ತದೆ. 2012ರ ಆಗಸ್ಟ್ ನೆನಪಿದೆಯಾ? ಗಾಳಿಸುದ್ದಿಗೆ ಹೆದರಿ ಈಶಾನ್ಯ ರಾಜ್ಯಗಳ ಸಾವಿರಾರು ಜನ ಬೆಂಗಳೂರಿನಿಂದ ರೈಲು ಹತ್ತಿದರು. ಅದೇ ಹೊತ್ತಿನಲ್ಲಿ ಮೈಸೂರಿನಲ್ಲಿ ಒಬ್ಬ ಟಿಬೆಟನ್ ವಿದ್ಯಾರ್ಥಿಗೆ ಚೂರಿ ಹಾಕಿದರು. ಮುಖ ನೋಡಿ ಹೊರಗಿನವನು ಅಂದುಕೊಂಡರೆ ಸಾಕಾಯಿತು.

ಇಷ್ಟೆಲ್ಲದರ ಮಧ್ಯೆ ಕ್ಯಾಂಪುಗಳು ಖಾಲಿಯಾಗುತ್ತಿವೆ. 2009ರಲ್ಲಿ ಟಿಬೆಟನ್ ಆಡಳಿತ ಮಾಡಿದ ಗಣತಿಯಲ್ಲಿ ಭಾರತದಲ್ಲಿ ಸುಮಾರು 94 ಸಾವಿರ ಟಿಬೆಟನ್ನರಿದ್ದರು. ಆಮೇಲೆ ಸಂಖ್ಯೆ ಇಳಿಯುತ್ತಲೇ ಇದೆ. ಅಮೆರಿಕ, ಯೂರೋಪು, ಕೆನಡಾ. ಟೊರಾಂಟೊ ನಗರದ ಪಾರ್ಕ್‌ಡೇಲ್ ಎಂಬ ಕಡೆ ಒಂದು ಪುಟ್ಟ ಟಿಬೆಟ್ಟೇ ಆಗಿದೆಯಂತೆ. ಅಲ್ಲಿ ಕೆಲವೇ ವರ್ಷ ಇದ್ದರೆ ಪೌರತ್ವಕ್ಕೆ ಅರ್ಜಿ ಹಾಕಬಹುದು. ಅಲ್ಲಿಂದ ರಜೆಗೆ ಬರುವ ಹುಡುಗ ಹುಡುಗಿಯರು ನಮ್ಮನೆಗೂ ಬರುತ್ತಾರೆ. ಅವರಲ್ಲಿ ಒಬ್ಬಳು ನರ್ಸ್. ಅಲ್ಲಿ ಸಿಗದ ಅವರೆಕಾಳಿನ ಉಪ್ಪಿಟ್ಟು ಕೇಳಿ ಮಾಡಿಸಿಕೊಂಡು ತಿಂದಳು. "ಅಲ್ಲಿ ಊರು ಯಾವುದು ಅಂತ ಕೇಳಿದರೆ ಏನು ಹೇಳ್ತೀಯಾ?" ಅಂದೆ. "ಬೈಲಕುಪ್ಪೆ ಅಂತೀನಿ ಆಂಟಿ, ಮತ್ತೇನು?" ಅಂದಳು. ದೇಶ ಟಿಬೆಟ್, ಪಾಸ್‌ಪೋರ್ಟ್ ಕೆನಡಾದ್ದು, ಊರು ನಮ್ಮದು. ಅವಳಿಗೆ ಇದರಲ್ಲಿ ಯಾವ ಗೊಂದಲವೂ ಇರಲಿಲ್ಲ. ನಾವು ಓದಿಸಿ ಬೆಳೆಸಿದ ಮಗು ಇನ್ನೊಂದು ದೇಶದ ಆಸ್ಪತ್ರೆಯಲ್ಲಿ ದುಡಿಯುತ್ತಿದೆ. ಹೋಗಬೇಕೆಂದು ಹೋದರೆ ಸರಿ. ಇರಲು ಬಿಡಲಿಲ್ಲ ಎಂದು ಹೋದರೆ ನನಗೆ ಸಂಕಟ ಆಗುತ್ತದೆ.

ಈಗ ನಿಮ್ಮಿಂದ ಏನು ಬೇಕು ಅಂದರೆ, ಮೊದಲನೆಯದು ಕೇಂದ್ರಕ್ಕೆ ಒಂದು ಪತ್ರ. ಪೌರತ್ವ ಕೇಂದ್ರದ ವಿಷಯ, ನಿಜ. 2019ರ ತಿದ್ದುಪಡಿಯಲ್ಲಿ ಬೌದ್ಧರ ಹೆಸರಿದ್ದರೂ ಅದು ಪಾಕಿಸ್ತಾನ, ಬಾಂಗ್ಲಾದೇಶ, ಅಫ್ಘಾನಿಸ್ತಾನದಿಂದ ಬಂದವರಿಗೆ ಮಾತ್ರ. ಟಿಬೆಟ್‌ನವರಿಗೆ ಅದರಲ್ಲಿ ದಾರಿ ಇಲ್ಲ. ಆದರೆ ಜಮೀನು ರಾಜ್ಯದ್ದು. ಬೈಲಕುಪ್ಪೆಯ ನೆಲ ಕೊಟ್ಟದ್ದು ನಾವು. "ಪೌರತ್ವ ಪಡೆದವರು ನಮ್ಮ ಗುತ್ತಿಗೆ ಜಾಗದಲ್ಲಿ ಮನೆಯವರ ಜೊತೆ ಇದ್ದರೆ ಕರ್ನಾಟಕಕ್ಕೆ ಯಾವ ಅಭ್ಯಂತರವೂ ಇಲ್ಲ, ಆ ಷರತ್ತು ತೆಗೆಯಿರಿ" ಎಂದು ನೀವು ಬರೆದರೆ ದೆಹಲಿಗೆ ಅದನ್ನು ತಳ್ಳಿಹಾಕುವುದು ಸುಲಭವಲ್ಲ. ಕೇಂದ್ರದ 2014ರ ಟಿಬೆಟನ್ ಪುನರ್ವಸತಿ ನೀತಿ ಜಮೀನಿಗೆ 20 ವರ್ಷದ ಗುತ್ತಿಗೆ ಪತ್ರ ಕೊಡಿ, ಸರ್ಕಾರದ ಯೋಜನೆಗಳನ್ನು ಅವರಿಗೂ ತಲುಪಿಸಿ ಎಂದೇ ಹೇಳುತ್ತದೆ. ಐದೂ ವಸಾಹತಿನಲ್ಲಿ ಅದು ಎಲ್ಲಿಗೆ ಬಂದಿದೆ ಎಂದು ಒಮ್ಮೆ ತರಿಸಿ ನೋಡಿ.

ಆಮೇಲೆ ಜನನ ಪ್ರಮಾಣಪತ್ರ. 60, 70ರ ದಶಕದಲ್ಲಿ ಡೇರೆಯಲ್ಲಿ, ಗುಡಿಸಲಲ್ಲಿ ಹುಟ್ಟಿದವರ ಹೆಸರು ಯಾವ ರಿಜಿಸ್ಟರಿನಲ್ಲೂ ಇಲ್ಲ. ಇಲ್ಲಿ ಹುಟ್ಟಿದ್ದೇ ಆಧಾರ ಆದಾಗ ಹುಟ್ಟಿದ್ದಕ್ಕೆ ಕಾಗದ ಇಲ್ಲದಿದ್ದರೆ ಎಲ್ಲ ಅಲ್ಲಿಗೇ ನಿಲ್ಲುತ್ತದೆ. ತಡವಾದ ಜನನ ನೋಂದಣಿಗೆ ಮೊದಲು ಮ್ಯಾಜಿಸ್ಟ್ರೇಟ್ ಕೋರ್ಟಿಗೆ ಅಲೆಯಬೇಕಿತ್ತು. 2023ರ ತಿದ್ದುಪಡಿ ಆದಮೇಲೆ ಉಪವಿಭಾಗಾಧಿಕಾರಿಗಳೇ ಆದೇಶ ಕೊಡಬಹುದು. ಅಂದರೆ ನಿಮ್ಮ ಅಧಿಕಾರಿಗಳೇ ಮಾಡಬಹುದಾದ ಕೆಲಸ. ಶಾಲೆಯ ದಾಖಲಾತಿ, ವಸಾಹತು ಕಚೇರಿಯ ಹಳೆಯ ಪುಸ್ತಕ, ಆರ್‌ಸಿಯಲ್ಲೇ ಇರುವ ಹುಟ್ಟೂರು, ಇವನ್ನೆಲ್ಲ ಒಟ್ಟಿಗೆ ನೋಡಿ ತೀರ್ಮಾನಿಸಲಿ. ಕ್ಯಾಂಪಿನ ಸಮುದಾಯ ಭವನದಲ್ಲೇ ಕೂತು ಮಾಡಲಿ. ವಯಸ್ಸಾದವರನ್ನು ಹುಣಸೂರಿಗೆ, ಮೈಸೂರಿಗೆ ಅಲೆಸುವುದು ಬೇಡ.

ಪೌರತ್ವ ಬೇಡ ಅನ್ನುವವರನ್ನು ಅವರ ಪಾಡಿಗೆ ಗೌರವದಿಂದ ಇರಲು ಬಿಡಿ. ಆರ್‌ಸಿ ನವೀಕರಣವನ್ನು ಸಲೀಸು ಮಾಡಿ. ಟಿಬೆಟ್‌ನಲ್ಲಿ ಹುಟ್ಟಿ ಇಲ್ಲಿ ಮುಪ್ಪಾದ ಅಜ್ಜಿ, ಅಜ್ಜಂದಿರಿಗಾದರೂ ಸಾಲಿನಲ್ಲಿ ನಿಲ್ಲುವ ಕಷ್ಟ ತಪ್ಪಿಸಿ.

ಕನ್ನಡದ ಮೇಷ್ಟ್ರನ್ನು ಕಳಿಸುವುದನ್ನೂ ಮರೆಯಬೇಡಿ. ಅವರ ಶಾಲೆಗಳು ಕೇಳಿದಷ್ಟು ಜನ ಸಿಗಲಿ. ಹಾಗೇ ನಮ್ಮ ಸರ್ಕಾರಿ ಶಾಲೆಯ ಮಕ್ಕಳು ವರ್ಷಕ್ಕೊಮ್ಮೆಯಾದರೂ ಕ್ಯಾಂಪಿನ ಶಾಲೆಗೆ ಹೋಗಿ ಬರಲಿ. ಗೋಲ್ಡನ್ ಟೆಂಪಲ್ ಮುಂದೆ ಸೆಲ್ಫಿ ತೆಗೆದು ವಾಪಸ್ ಬರುವ ಪ್ರವಾಸ ಸಾಕಷ್ಟು ಆಗಿದೆ. ಈ ಕೆಲಸಕ್ಕೆ ನಾನು ಸಂಬಳ ಇಲ್ಲದೆ ಬರಲು ತಯಾರಿದ್ದೇನೆ. ನಮ್ಮ ತಾಲೂಕಿನಲ್ಲಿ ನನ್ನಂಥ ನಿವೃತ್ತ ಶಿಕ್ಷಕರು ಇನ್ನೂ ಸಿಗುತ್ತಾರೆ. ಹೆಸರು ಬರೆದುಕೊಳ್ಳಲು ಕ್ಷೇತ್ರ ಶಿಕ್ಷಣಾಧಿಕಾರಿಗೆ ಒಂದು ಸೂಚನೆ ಕೊಟ್ಟರೆ ಸಾಕು, ಜೂನ್‌ನಲ್ಲಿ ಶಾಲೆ ಶುರುವಾಗುವ ಹೊತ್ತಿಗೆ ನಾವು ಅಲ್ಲಿರುತ್ತೇವೆ.

ಇಂತಿ ನಮಸ್ಕಾರಗಳು,
ಪಿರಿಯಾಪಟ್ಟಣ ತಾಲೂಕಿನ ಒಬ್ಬ ನಿವೃತ್ತ ಶಿಕ್ಷಕಿ